ಪುಷ್ಪಮಾಲಾ ಎನ್. ತಮ್ಮ ಚಿತ್ರಗಳಲ್ಲಿ ತಾವೇ ಯಾಕೆ ನಿಲ್ಲುತ್ತಾರೆ?

ಡ್ರಾಯಿಂಗ್ ಮೇಷ್ಟ್ರು, ಶಿವಮೊಗ್ಗ

ಎಲ್ಲರಿಗೂ ನಮಸ್ಕಾರ. ಹೈಸ್ಕೂಲಿನಲ್ಲಿ ಚಿತ್ರಕಲೆ ಹೇಳಿಕೊಡುತ್ತೇನೆ. ಒಂಬತ್ತನೇ ತರಗತಿಗೆ ರವಿವರ್ಮನ ಲಕ್ಷ್ಮಿ ತೋರಿಸಿ, ಪಕ್ಕದಲ್ಲೇ ಬೆಂಗಳೂರಿನ ಕಲಾವಿದೆ ಪುಷ್ಪಮಾಲಾ ಎನ್. ಅದೇ ಲಕ್ಷ್ಮಿಯಾಗಿ ನಿಂತ ಫೋಟೋ ಇಟ್ಟೆ. ಅದೇ ತಾವರೆ, ಅದೇ ಭಂಗಿ. ಒಬ್ಬಳು ಹುಡುಗಿ ಎದ್ದು, "ಸರ್, ಇದು ಸ್ಕೂಲ್ ಡೇ ಫ್ಯಾನ್ಸಿ ಡ್ರೆಸ್ ಥರಾನೇ ಇದೆಯಲ್ವಾ? ಹೊಸದೇನು ಮಾಡಿದಾರೆ?" ಅಂದಳು. ಅವಳ ಪ್ರಶ್ನೆಯನ್ನು ಹಾಗೇ ಇಲ್ಲಿಗೆ ತಂದಿದ್ದೇನೆ, ಏಕೆಂದರೆ ಉತ್ತರ ಒಂದು ಸಾಲಿನಲ್ಲಿ ಮುಗಿಯುವಂಥದ್ದಲ್ಲ. ಶಿಲ್ಪ ಕಲಿತವರು ಕ್ಯಾಮೆರಾ ಮುಂದೆ ಹೋಗಿ ನಿಂತಿದ್ದು ಯಾಕೆ? ಆಮೇಲೆ ಸಿನಿಮಾಕ್ಕೆ ಬಂದದ್ದು ಯಾಕೆ? ಪ್ರತಿ ಚಿತ್ರದಲ್ಲೂ ಅವರೇ ಯಾಕೆ? ಬಲ್ಲವರು ಬಿಡಿಸಿ ಹೇಳಿ.

ಬಸವನಗುಡಿಯ ಓದುಗಿ

ಮೇಷ್ಟ್ರೇ, ಹಿನ್ನೆಲೆಯಿಂದ ಶುರು ಮಾಡ್ತೀನಿ. ಅವರು ಹುಟ್ಟಿದ್ದು 1956ರಲ್ಲಿ, ಬೆಂಗಳೂರಿನಲ್ಲೇ. ಬರೋಡಾದ ಎಂ.ಎಸ್. ವಿಶ್ವವಿದ್ಯಾಲಯದಲ್ಲಿ ಶಿಲ್ಪಕಲೆ ಓದಿದರು. ಎಂಬತ್ತರ ದಶಕದಲ್ಲಿ ಅವರ ಹೆಸರು ಕೇಳಿಬಂದಿದ್ದು ಸುಟ್ಟ ಮಣ್ಣಿನ ಶಿಲ್ಪಗಳಿಂದ. 1986ರ ದೆಹಲಿ ತ್ರೈವಾರ್ಷಿಕ ಪ್ರದರ್ಶನದಲ್ಲಿ ಚಿನ್ನದ ಪದಕವೂ ಬಂತು. ಅಂಥ ಹೆಸರಿದ್ದವರು ತೊಂಬತ್ತರ ದಶಕದ ನಡುವಿಗೆ ಜೇಡಿಮಣ್ಣು ಪಕ್ಕಕ್ಕಿಟ್ಟು ತಮ್ಮ ಮೈಯನ್ನೇ ಸಾಮಗ್ರಿ ಮಾಡಿಕೊಂಡರು. ಈ ಬಗೆಯ ಕೆಲಸಕ್ಕೆ ಫೋಟೋ ಪರ್ಫಾರ್ಮೆನ್ಸ್ ಅನ್ನುತ್ತಾರೆ. ಕಲಾವಿದೆ ಒಂದು ಪಾತ್ರವನ್ನು ಕ್ಯಾಮೆರಾಕ್ಕೋಸ್ಕರವೇ ಅಭಿನಯಿಸುತ್ತಾರೆ, ಪ್ರೇಕ್ಷಕರ ಕೈಗೆ ಸಿಗುವುದು ಫೋಟೋ.

ಮೊದಲ ದೊಡ್ಡ ಸರಣಿ 'ಫ್ಯಾಂಟಮ್ ಲೇಡಿ ಆರ್ ಕಿಸ್ಮತ್', 1996ರಿಂದ 98ರ ನಡುವೆ ಮಾಡಿದ್ದು. ಮುಂಬೈಯ ರಾತ್ರಿ, ಕಪ್ಪುಬಿಳುಪು, ಮುಖವಾಡ ಹಾಕಿದ ಸಾಹಸಿ ಹೆಣ್ಣೊಬ್ಬಳು ಕಳೆದುಹೋದ ತನ್ನ ಅವಳಿ ಸೋದರಿಯನ್ನು ಹುಡುಕುತ್ತಾಳೆ. ಎರಡೂ ಪಾತ್ರ ಅವರದೇ. ಹಿಂದಿರುವ ಸ್ಫೂರ್ತಿ ಫಿಯರ್‌ಲೆಸ್ ನಾಡಿಯಾ. 1935ರ 'ಹಂಟರ್‌ವಾಲಿ'ಯಲ್ಲಿ ಚಾಟಿ ಹಿಡಿದು ಕುದುರೆ ಓಡಿಸಿದ ನಾಡಿಯಾ ತೀರಿಕೊಂಡಿದ್ದು 1996ರಲ್ಲಿ, ಈ ಸರಣಿ ಶುರುವಾದ ವರ್ಷವೇ. ಸಿನಿಮಾದ ಹಾಗೆ ಕಾಣುತ್ತದೆ, ಆದರೆ ಸಿನಿಮಾ ಅಲ್ಲ. ಇದ್ದಿದ್ದು ಸ್ಟಿಲ್ಲುಗಳು ಮಾತ್ರ. ನಡುವಿನ ಕಥೆಯನ್ನು ನೋಡುವವರೇ ತುಂಬಿಕೊಳ್ಳಬೇಕು.

ನಿಮ್ಮ ವಿದ್ಯಾರ್ಥಿನಿಗೆ ನನ್ನ ಉತ್ತರ ಇಷ್ಟು. ಫ್ಯಾನ್ಸಿ ಡ್ರೆಸ್‌ನಲ್ಲಿ ಮಗು ಲಕ್ಷ್ಮಿ ಥರ ಕಂಡರೆ ಸಾಕು, ಬಹುಮಾನ ಬರುತ್ತದೆ. ಪುಷ್ಪಮಾಲಾ ಅವರ ಫೋಟೋದಲ್ಲಿ ಲಕ್ಷ್ಮಿಯ ಜೊತೆಗೆ ಪರದೆಯೂ ಕಾಣಬೇಕು, ಬಣ್ಣವೂ ಕಾಣಬೇಕು, ಹೊತ್ತುಗಟ್ಟಲೆ ಅಲುಗಾಡದೆ ನಿಂತ ಹೆಂಗಸೂ ಕಾಣಬೇಕು. ದೇವರಮನೆಯಲ್ಲಿ ಕೈಮುಗಿದು ಬಿಟ್ಟ ಚಿತ್ರವನ್ನು, ಇದನ್ನು ಯಾರೋ ಒಬ್ಬರು ಹೀಗೆ ಕಟ್ಟಿದ್ದಾರೆ ಅಂತ ಎರಡನೇ ಸಲ ನೋಡುವ ಹಾಗೆ ಮಾಡುತ್ತಾರೆ.

ಹಳೇ ಸ್ಟುಡಿಯೋ, ಹಾಸನ

ಅಪ್ಪನ ಕಾಲದಿಂದ ಸ್ಟುಡಿಯೋ ನಡೆಸಿದ ಮನೆ ನಮ್ಮದು. ಕಲೆಯ ಸಿದ್ಧಾಂತ ನನಗೆ ದೂರ, ಪ್ರಿಂಟು ನೋಡಿದರೆ ಮಾತ್ರ ಕೆಲಸ ಗೊತ್ತಾಗುತ್ತದೆ. ಅವರ 'ಸುನಹರೇ ಸಪನೇ' ಸರಣಿ (1998) ನೋಡಿ. ಕಪ್ಪುಬಿಳುಪು ಪ್ರಿಂಟಿನ ಮೇಲೆ ಕೈಯಲ್ಲಿ ಬಣ್ಣ ಹಚ್ಚಿದ್ದು. ಒಂದು ಕಡೆ ಮನೆಗೆಲಸದ ಗೃಹಿಣಿ, ಇನ್ನೊಂದು ಕಡೆ ಅವಳ ಕನಸಿನ ರೂಪ, ಚಿನ್ನದ ಬಣ್ಣದ ಫ್ರಾಕು, ಎತ್ತರಕ್ಕೆ ಉಬ್ಬಿಸಿದ ಕೂದಲು. ಕೈಬಣ್ಣ ಅಂದರೆ ಏನು ಅಂತ ಈಗಿನವರಿಗೆ ಗೊತ್ತಿಲ್ಲ. ಮ್ಯಾಟ್ ಪೇಪರಿನ ಪ್ರಿಂಟು ಬೇಕು, ಹೊಳಪಿನ ಪೇಪರಿಗೆ ಬಣ್ಣ ಕೂರುವುದಿಲ್ಲ. ಕಡ್ಡಿಗೆ ಹತ್ತಿ ಸುತ್ತಿ ಕೆನ್ನೆಗೆ ಇಷ್ಟೇ ಇಷ್ಟು ಕೆಂಪು ಒರೆಸಿ, ಅಂಚು ಕಾಣದ ಹಾಗೆ ತೀಡಬೇಕು. ತುಟಿಗೆ ಸ್ವಲ್ಪ ಹೆಚ್ಚಾದರೆ ಮುಖವೇ ಹಾಳು. ಮದುವೆಗೆ ಮುಂಚೆ ಹುಡುಗಿಯ ಫೋಟೋ ಕಳಿಸುವ ಕಾಲದಲ್ಲಿ ನಮ್ಮಪ್ಪ ಇದನ್ನೇ ಮಾಡುತ್ತಿದ್ದರು. ಹುಡುಗಿಯನ್ನು ಅವಳಿಗಿಂತ ಸ್ವಲ್ಪ ಬೇರೆಯೇ ಮಾಡಿ ಕಳಿಸುವ ಕೆಲಸ ಅದು. ಆ ಸುಳ್ಳು ಅಪ್ಪನಿಗೂ ಗೊತ್ತು, ಮನೆಯವರಿಗೂ ಗೊತ್ತು.

ಇನ್ನೊಂದು ವಿಷಯ ಹೇಳಲೇಬೇಕು. 2000ದಿಂದ 2003ರ ನಡುವೆ ಅವರು ಜೆ.ಎಚ್. ಠಕ್ಕರ್ ಹತ್ತಿರ ಹೋದರು. ದೇಶವಿಭಜನೆಯ ನಂತರ ಕರಾಚಿಯಿಂದ ಬಂದು 1948ರಲ್ಲಿ ಮುಂಬೈಯಲ್ಲಿ ಇಂಡಿಯಾ ಫೋಟೋ ಸ್ಟುಡಿಯೋ ತೆರೆದವರು ಠಕ್ಕರ್. ಆ ಕಾಲದ ಸಿನಿಮಾ ತಾರೆಯರ ಪೋರ್ಟ್ರೇಟ್‌ಗಳಿಗೆ ದೊಡ್ಡ ಹೆಸರು. ವಯಸ್ಸಾದ ಮೇಲೆ ಅವರೇ ಲೈಟು ಇಟ್ಟು ಪುಷ್ಪಮಾಲಾ ಅವರನ್ನು ಕೂರಿಸಿ ತೆಗೆದಿದ್ದು 'ನವರಸ' ಸರಣಿ. ಒಂಬತ್ತು ರಸ, ಒಂಬತ್ತು ಪ್ರಿಂಟು, ಸೀಪಿಯಾ ಬಣ್ಣ. ಕಲಾವಿದೆ ಒಬ್ಬ ಹಳೇ ಸ್ಟುಡಿಯೋದವನನ್ನು ಹುಡುಕಿಕೊಂಡು ಹೋಗಿ, "ನಿಮಗೆ ಗೊತ್ತಿರೋ ಹಾಗೇ ತೆಗೀರಿ" ಅನ್ನುವ ರೀತಿಯಲ್ಲಿ ಅವರ ಮುಂದೆ ಕೂತಿದ್ದಾರಲ್ಲ, ನನಗೆ ಅದೇ ದೊಡ್ಡದು. ಆ ಲೈಟಿಂಗ್ ಕಸುಬು ಪುಸ್ತಕದಲ್ಲಿ ಬರೆದಿಟ್ಟಿಲ್ಲ. ಕೈಯಲ್ಲಿ ಮಾತ್ರ ಇತ್ತು.

ಪೇಂಟರ್, ಮೈಸೂರು

ನನ್ನದು ಬೇರೆ ಅಭಿಪ್ರಾಯ. ಅಮೆರಿಕದ ಸಿಂಡಿ ಶರ್ಮನ್ 1977ರಿಂದ 80ರಲ್ಲೇ ಸಿನಿಮಾ ಸ್ಟಿಲ್‌ಗಳ ಥರ ತಾವೇ ವೇಷ ಹಾಕಿ ಫೋಟೋ ತೆಗೆದಿದ್ದರು. ಇಪ್ಪತ್ತು ವರ್ಷದ ನಂತರ ಸೀರೆ ಉಡಿಸಿದ ತಕ್ಷಣ ಅದು ನಮ್ಮದಾಗುತ್ತದೆಯೇ? ವರ್ಷಗಟ್ಟಲೆ ಕೂತು ರೇಖೆ ಕಲಿತವರಿಗೆ ಇಲ್ಲಿ ಏನಿದೆ?

ಮೇಕಪ್ ಮನೆ, ಸಾಗರ

ಪೇಂಟರ್ ಸಾರ್, ಶರ್ಮನ್ ಹೆಸರು ಬಂದೇ ಬರುತ್ತೆ ಅಂದುಕೊಂಡಿದ್ದೆ. ವ್ಯತ್ಯಾಸ ನೋಡಿ. ಶರ್ಮನ್ ಆ ಸ್ಟಿಲ್‌ಗಳನ್ನು ಹೆಚ್ಚುಕಡಿಮೆ ಒಬ್ಬರೇ ಮಾಡಿದರು. ಅವರ ಹೆಂಗಸರಿಗೆ ಹೆಸರಿಲ್ಲ, ಅವರು ಯಾವ ಸಿನಿಮಾದಿಂದಲೂ ಬಂದವರಲ್ಲ. ಪುಷ್ಪಮಾಲಾ ಹಿಡಿದುಕೊಳ್ಳುವುದು ಎಲ್ಲರೂ ಕಂಡ, ಊರೆಲ್ಲ ಬಲ್ಲ ಚಿತ್ರ. ಅವರ ಸುತ್ತ ಪರದೆ ಬರೆಯುವವರು, ಬಟ್ಟೆ ಹೊಲಿಯುವವರು, ಫೋಟೋ ತೆಗೆಯುವವರು ಇರುತ್ತಾರೆ. ಅವರ ಕೆಲಸ ನಾಟಕ ಕಂಪನಿಗೆ ಹತ್ತಿರ.

ನಾನು ರಂಗದ ಹಿಂದೆ ಬಣ್ಣ ಹಚ್ಚುವವನು. ಗುಬ್ಬಿ ಕಂಪನಿ 1884ರಲ್ಲಿ ಹುಟ್ಟಿದ್ದು, ಅಲ್ಲಿಂದಾಚೆಗೆ ಕಂಪನಿ ನಾಟಕದ ಪ್ರೇಕ್ಷಕರು ಅರಮನೆ ಪರದೆ, ಕಾಡಿನ ಪರದೆ, ಬೀದಿ ಪರದೆ ಇಳಿದದ್ದನ್ನು ನೋಡಿಕೊಂಡೇ ಬಂದವರು. ಅದು ಬಟ್ಟೆ ಅಂತ ಗೊತ್ತಿದ್ದೂ ಕಣ್ಣೀರು ಹಾಕಿದವರು. ದಸರಾ ಮೆರವಣಿಗೆಯಲ್ಲಿ ಸ್ತಬ್ಧಚಿತ್ರ ಬರುತ್ತವಲ್ಲ, ಬಿಸಿಲಲ್ಲಿ ಒಬ್ಬ ಓಬವ್ವ ಒನಕೆ ಎತ್ತಿಕೊಂಡು ಗಂಟೆಗಟ್ಟಲೆ ನಿಂತಿರುತ್ತಾಳೆ. ಮೇಕಪ್ ಕರಗುತ್ತಿರುತ್ತೆ, ಆದರೂ ಕೈ ಇಳಿಸುವ ಹಾಗಿಲ್ಲ. ಇವರ ಕೆಲಸಕ್ಕೆ ಬೇರು ಹುಡುಕುವುದಾದರೆ ನಾನು ನ್ಯೂಯಾರ್ಕಿಗಿಂತ ಮುಂಚೆ ಇಲ್ಲಿ ಹುಡುಕುತ್ತೇನೆ.

ರೇಖೆಯ ಮಾತು ಬಂತು. ಅವರು ಶಿಲ್ಪಿ. ಮೈಯ ಭಾರ ಯಾವ ಕಾಲಿನ ಮೇಲಿದೆ, ಕೊರಳು ಎಷ್ಟು ಓರೆ, ಕೈಬೆರಳು ಎಲ್ಲಿ ನಿಲ್ಲಬೇಕು ಅನ್ನುವ ಲೆಕ್ಕ ಜೇಡಿಮಣ್ಣಿನಲ್ಲಿ ಕಲಿತದ್ದು, ತಮ್ಮ ಮೈಮೇಲೆ ಬಳಸುತ್ತಾರೆ. ಆ ಕೆಲಸ ರೇಖೆಗಿಂತ ಸುಲಭ ಅನ್ನುವವರು ಒಂದು ಭಂಗಿಯಲ್ಲಿ ಹತ್ತು ನಿಮಿಷ ನಿಂತು ನೋಡಬೇಕು.

ವಿಜಯಪುರದಂವ

ನಮ್ಮ ಕಡೀ ಸುದ್ದಿ ಯಾರೂ ತಗೀಲಿಲ್ಲ, ಅದಕ್ಕ ನಾನ ಹೇಳತೇನಿ. ಕ್ಲೇರ್ ಆರ್ನಿ ಅಂತ ಬೆಂಗಳೂರಾಗ ಇರೋ ಬ್ರಿಟಿಷ್ ಫೋಟೋಗ್ರಾಫರ್ ಜೋಡಿ ಅವರು 2000ದಿಂದ 2004ರ ತನಕಾ 'ನೇಟಿವ್ ವಿಮೆನ್ ಆಫ್ ಸೌತ್ ಇಂಡಿಯಾ' ಅಂತ ಒಂದು ದೊಡ್ಡ ಕೆಲಸಾ ಮಾಡ್ಯಾರ. ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್ ಅದಕ್ಕ ರೊಕ್ಕದ ನೆರವು ಕೊಟ್ಟಿತ್ತು. ಮೇಷ್ಟ್ರು ತೋರಿಸಿದ ಲಕ್ಷ್ಮಿ ಅದರಾಗಿಂದ. ಅದರಾಗ ರವಿವರ್ಮನ ಬೆಳದಿಂಗಳ ಹೆಂಗಸು ಅದಾಳ, ವೇಳಾಂಕಣಿ ಮಾತೆ ಅದಾಳ, ಸಿನಿಮಾ ಸ್ಟಿಲ್ ಅದಾವ, ಪೇಪರಿನಾಗ ಬಂದ ಪೊಲೀಸ್ ಫೋಟೋ ಅದ. ಅವರೆಲ್ಲಾರ ನಡುವ ನಮ್ಮ ಬಿಜಾಪುರದ ಯೋಗಿನಿ ನಿಂತಾಳ.

ಮೂಲ ಚಿತ್ರ ಆದಿಲ್‌ಶಾಹಿ ಕಾಲದ್ದು, 1600ರ ಆಸುಪಾಸು. ಬೂದಿ ಬಳಕೊಂಡ ಮೈ, ನೆತ್ತಿ ಮ್ಯಾಲೆ ಗಂಟು ಕಟ್ಟಿದ ಕೂದಲಾ, ಮೈತುಂಬ ಬಂಗಾರ, ಕೈಯಾಗ ಒಂದು ಮೈನಾ ಹಕ್ಕಿ. ಸುತ್ತಲ ಹೂವು ಅಕೀಗಿಂತ ದೊಡ್ಡವೇನೋ ಅನ್ನೂಹಂಗ ಬೆಳದಾವ, ಹಿಂದ ದೂರ ಗುಡ್ಡದ ಮ್ಯಾಲೆ ಬಿಳೀ ಅರಮನಿ. ಇಂಥಾದ್ದು ಬಿಡಿಸಿದ ಕಾಲದಾಗ ಇಲ್ಲೆ ಆಳತಿದ್ದಂವ ಎರಡನೇ ಇಬ್ರಾಹಿಂ ಆದಿಲ್‌ಶಾಹ, 'ಕಿತಾಬ್-ಎ-ನೌರಸ್' ಬರದಂವ, ಸರಸ್ವತಿ, ಗಣಪತಿ ಮ್ಯಾಲೆ ದಖನಿ ಒಳಗ ಹಾಡು ಕಟ್ಟಿದಂವ. ನವರಸದ ಹೆಸರಿಲೇ ಒಂದು ಊರನ್ನ ಕಟ್ಟಿಸಿದಂವ. ಹಾಸನದವರು ನವರಸ ಸರಣಿ ಅಂದಾಗ ನನಗ ಮೈ ಜುಮ್ ಅಂತು. ಬೆಂಗಳೂರಿನ ಒಬ್ಬ ಹೆಣಮಗಳು ನಮ್ಮ ಊರಿನ ನಾನೂರು ವರ್ಷದ ಹಿಂದಿನ ಚಿತ್ರದೊಳಗ ಹೊಕ್ಕು ನಿಂತಿದ್ದು ನನಗ ಭಾಳ ದೊಡ್ಡ ಮಾತು. ಇಲ್ಲೆ ಗೋಳಗುಮ್ಮಟ ನೋಡಾಕ ಬರೋರಿಗೆ ಇಂಥಾ ಚಿತ್ರ ಈ ಊರಾಗ ಆಗಿತ್ತು ಅನ್ನೂದ ಗೊತ್ತಿರೂದಿಲ್ಲ.

ಡಬ್ಲಿನ್ ಕನ್ನಡತಿ

ವಿಜಯಪುರದವರೇ, ಆ ಯೋಗಿನಿ ಇರುವುದು ನಾನಿರುವ ಊರಿನಲ್ಲಿ, ಚೆಸ್ಟರ್ ಬೀಟಿ ಸಂಗ್ರಹಾಲಯದಲ್ಲಿ. ಹೋದಾಗೆಲ್ಲ ಗೋಡೆಯ ಮೇಲೆ ಇರುತ್ತಾಳೆ ಅಂತಲ್ಲ. ಕಾಗದದ ಮೇಲಿನ ಬಣ್ಣಕ್ಕೆ ಬೆಳಕು ಬಿದ್ದಷ್ಟೂ ಕೇಡು, ಹಾಗಾಗಿ ಇಂಥ ಚಿತ್ರಗಳನ್ನು ಸ್ವಲ್ಪ ಕಾಲ ಇಟ್ಟು ಮತ್ತೆ ಒಳಗೆ ತೆಗೆದಿಡುತ್ತಾರೆ. ಬಿಜಾಪುರದವರು ಡಬ್ಲಿನ್ನಿಗೆ ಬಂದು ನೋಡಬೇಕು, ಬಂದರೂ ಸಿಗದೇ ಹೋಗಬಹುದು. ಆ ಚಿತ್ರದ ಒಳಗೆ ಒಬ್ಬರು ತಮ್ಮ ಮೈಯೊಂದಿಗೆ ಹೋಗಿ ನಿಂತದ್ದು ನನಗೆ ಅದನ್ನು ಮನೆಗೆ ಕರೆದುಕೊಂಡು ಬಂದ ಹಾಗೆ ಅನಿಸಿತು. ಕಾಪಿ ಎನ್ನುವವರ ಜೊತೆ ಈ ಒಂದು ಕಾರಣಕ್ಕೆ ನಾನು ಒಪ್ಪಲಾರೆ.

ಸಮಾಜಶಾಸ್ತ್ರ ವಿದ್ಯಾರ್ಥಿನಿ, ಧಾರವಾಡ

ಎಲ್ಲರೂ ಲಕ್ಷ್ಮಿ, ಯೋಗಿನಿಯ ಬಗ್ಗೆ ಮಾತಾಡುತ್ತಿದ್ದೀರಿ. ಅದೇ ಸರಣಿಯ ಇನ್ನೆರಡು ಚಿತ್ರಗಳನ್ನು ನೋಡೋಣ. ಒಂದು, ಬುಡಕಟ್ಟಿನ ಹೆಂಗಸು. ಹತ್ತೊಂಬತ್ತನೇ ಶತಮಾನದ ಕೊನೆಗೆ ಬ್ರಿಟಿಷ್ ಅಧಿಕಾರಿಗಳು ಅಂಡಮಾನಿನ ಜನರನ್ನು ಚೌಕಳಿ ಪರದೆಯ ಮುಂದೆ ನಿಲ್ಲಿಸಿ ಫೋಟೋ ತೆಗೆದರು. ಚೌಕಳಿ ಯಾಕೆಂದರೆ ಮೈಯ ಅಳತೆ ನೇರವಾಗಿ ಓದಿಕೊಳ್ಳಲು. ಮದರಾಸಿನ ಮ್ಯೂಸಿಯಂನಲ್ಲಿ ಎಡ್ಗರ್ ಥರ್ಸ್ಟನ್ ತಲೆ, ಮೂಗು ಅಳೆದು ಜನರನ್ನು ವಿಂಗಡಿಸಿದ್ದು, 1909ರಲ್ಲಿ ದಕ್ಷಿಣ ಭಾರತದ ಜಾತಿ, ಬುಡಕಟ್ಟುಗಳ ಬಗ್ಗೆ ಏಳು ಸಂಪುಟ ತಂದದ್ದು ಅದೇ ಕಾಲದ ಮುಂದುವರಿಕೆ. ಎರಡನೆಯದು, ಪೊಲೀಸರು ಹಿಡಿದ ಹೆಂಗಸರ ಫೋಟೋ.

ಹುಬ್ಬಳ್ಳಿಯಲ್ಲಿ ಇವತ್ತಿಗೂ ಸೆಟ್ಲಮೆಂಟ್ ಅಂತ ಕರೆಯುವ ಜಾಗ ಇದೆ. 1871ರ ಕ್ರಿಮಿನಲ್ ಟ್ರೈಬ್ಸ್ ಕಾಯ್ದೆಯಿಂದ ಶುರುವಾದ ವ್ಯವಸ್ಥೆಯಲ್ಲಿ ಹುಟ್ಟಿನಿಂದಲೇ ಅಪರಾಧಿ ಅಂತ ಬರೆಸಿಕೊಂಡ ಸಮುದಾಯಗಳನ್ನು ತಂತಿಬೇಲಿಯ ಒಳಗೆ ಇಟ್ಟ ಜಾಗ ಅದು. ಕಾಯ್ದೆ ರದ್ದಾಗಿದ್ದು 1952ರಲ್ಲಿ. ಹೆಸರು ಮಾತ್ರ ಹೋಗಿಲ್ಲ. ಅಲ್ಲಿನ ಮಕ್ಕಳು ಕಾಲೇಜಿನಲ್ಲಿ ವಿಳಾಸ ಹೇಳಲು ಹಿಂಜರಿಯುವುದನ್ನು ನಾನು ಕಂಡಿದ್ದೇನೆ. ಅವರಿಗೆ ಪೊಲೀಸ್ ಫೋಟೋ ಅನ್ನುವುದು ಹಾಕಿ ಬಿಚ್ಚುವ ವೇಷ ಅಲ್ಲ. ಕಲಾವಿದೆ ಶೂಟಿಂಗ್ ಮುಗಿಸಿ ಮೇಕಪ್ ತೆಗೆದು ಮನೆಗೆ ಹೋಗಬಹುದು. ಚೌಕಳಿಯ ಮುಂದೆ ನಿಂತ ಆ ಹೆಂಗಸಿಗೆ ಬೇಡ ಅನ್ನುವ ಅವಕಾಶವೂ ಇರಲಿಲ್ಲ. ಈ ವೇಷ ಹಾಕಲು ಯಾರಿಗೆ ಹಕ್ಕಿದೆ ಅಂತ ಕೇಳಬೇಕಲ್ಲವೇ?

ಬಸವನಗುಡಿಯ ಓದುಗಿ

ಕೇಳಲೇಬೇಕಾದ ಪ್ರಶ್ನೆ. ನನಗೆ ತಿಳಿದ ಮಟ್ಟಿಗೆ ಉತ್ತರಿಸುತ್ತೇನೆ. ಆ ಸರಣಿಯ ಹೆಸರಿನ ಉಳಿದರ್ಧ 'ಮ್ಯಾನರ್ಸ್ ಅಂಡ್ ಕಸ್ಟಮ್ಸ್'. ವಸಾಹತು ಕಾಲದ ಜನಾಂಗ ಅಧ್ಯಯನದ ಪುಸ್ತಕಗಳ ಹೆಸರು ಹೀಗೇ ಇರುತ್ತಿತ್ತು. ದೇವಿ, ಸಿನಿಮಾ ತಾರೆ, ಬುಡಕಟ್ಟಿನ ಹೆಂಗಸು, ಬಂಧಿತೆ, ಎಲ್ಲರನ್ನೂ ಒಂದೇ ಸಾಲಿನಲ್ಲಿ, ಒಂದೇ ಮುಖದಲ್ಲಿ ನಿಲ್ಲಿಸಿದ್ದಾರೆ. ಅಳತೆಪಟ್ಟಿ ಹಿಡಿದವನು ನಂಬಿದ್ದು ಮುಖ ನೋಡಿದರೆ ಜಾತಿ, ಗುಣ, ಅಪರಾಧ ಎಲ್ಲ ತಿಳಿಯುತ್ತದೆ ಅಂತ. ಅದೇ ಮುಖ ಲಕ್ಷ್ಮಿಯೂ ಆಗಿ, ಅಪರಾಧಿಯೂ ಆದಾಗ ಆ ನಂಬಿಕೆಗೆ ಆಧಾರ ಎಲ್ಲಿ ಉಳಿಯಿತು? ಅವರೇ ಎಲ್ಲ ಚಿತ್ರದಲ್ಲೂ ಯಾಕೆ ಅನ್ನುವ ಮೇಷ್ಟ್ರ ಪ್ರಶ್ನೆಗೂ ನನ್ನ ಉತ್ತರ ಇದೇ. ಬೇರೆ ಬೇರೆ ಮಾಡೆಲ್‌ಗಳನ್ನು ನಿಲ್ಲಿಸಿದ್ದರೆ ಆ ಪುಸ್ತಕಗಳ ವಿಂಗಡಣೆಯನ್ನೇ ಮತ್ತೊಮ್ಮೆ ಮಾಡಿದಂತಾಗುತ್ತಿತ್ತು.

ಸೆಟ್ಟಿನ ಹಿಂದಿನ ತಯಾರಿಯನ್ನೂ 'ಪ್ರೋಸೆಸ್' ಅನ್ನುವ ಬೇರೆ ಭಾಗವಾಗಿ ಪ್ರದರ್ಶನದಲ್ಲಿ ಇಟ್ಟಿದ್ದಾರೆ. ಮುಚ್ಚಿಟ್ಟು ಮೋಸ ಮಾಡುವ ಉದ್ದೇಶ ಇದ್ದವರು ಹಾಗೆ ಮಾಡುತ್ತಿರಲಿಲ್ಲ.

ಸಮಾಜಶಾಸ್ತ್ರ ವಿದ್ಯಾರ್ಥಿನಿ, ಧಾರವಾಡ

ಮೋಸದ ಆರೋಪ ನನ್ನದಲ್ಲ ಮೇಡಂ. ಅವರ ಉದ್ದೇಶದ ಬಗ್ಗೆ ಗೌರವವಿದೆ. ಒಂದೇ ಮುಖದ ವಾದವೂ ಗಟ್ಟಿಯಾಗಿದೆ. ನನ್ನ ತಕರಾರು ಇರುವುದು ಗ್ಯಾಲರಿಯಲ್ಲಿ ನಿಂತು ನೋಡುವವರ ಬಗ್ಗೆ. ಅಂಡಮಾನಿನ ಮೂಲ ಫೋಟೋ ಕಂಡವರಿಗೆ ಈ ವಿಮರ್ಶೆ ತಲುಪುತ್ತದೆ. ಕಾಣದವರಿಗೆ ಒಬ್ಬ ಕಲಾವಿದೆಯ ಚಂದದ ವೇಷ ಮಾತ್ರ ಉಳಿಯುತ್ತದೆ. ಲಕ್ಷ್ಮಿ ಎಲ್ಲರಿಗೂ ಗೊತ್ತು. ಚೌಕಳಿಯ ಮುಂದೆ ನಿಂತವಳ ಹೆಸರು ಯಾರಿಗೂ ಗೊತ್ತಿಲ್ಲ.

ಡ್ರಾಯಿಂಗ್ ಮೇಷ್ಟ್ರು, ಶಿವಮೊಗ್ಗ

ಇಬ್ಬರ ಮಾತನ್ನೂ ಬರೆದಿಟ್ಟುಕೊಂಡೆ. ಸಿನಿಮಾಗಳ ಬಗ್ಗೆ ಯಾರಾದರೂ ಹೇಳುತ್ತೀರಾ?

ಫಿಲ್ಮ್ ಸೊಸೈಟಿ, ಮಂಗಳೂರು

ನಾನು ಹೇಳ್ತೇನೆ. 1997ರ 'ಇಂಡಿಯನ್ ಲೇಡಿ' ಚಿಕ್ಕ ವೀಡಿಯೊ. ಮುಂಬೈಯ ಎತ್ತರದ ಕಟ್ಟಡಗಳನ್ನು ಬರೆದ ಪರದೆಯ ಮುಂದೆ ಸೀರೆ ಉಟ್ಟ ಹೆಂಗಸು ನಾಚಿಕೊಂಡು ಕುಣಿಯುತ್ತಾಳೆ. ಅಷ್ಟೇ. ಫೋಟೋದಿಂದ ಚಲನೆಗೆ ಇಟ್ಟ ಮೊದಲ ಹೆಜ್ಜೆ ಅಂತ ನೋಡಿದರೆ ಸಾಕು.

2004ರ 'ರಾಷ್ಟ್ರೀಯ ಖೀರ್ ಅಂಡ್ ದೇಸೀಯ ಸಲಾಡ್' ನನಗೆ ಬಹಳ ಇಷ್ಟ. ಹನ್ನೊಂದು ನಿಮಿಷ, ಕಪ್ಪುಬಿಳುಪು. ಸ್ವಾತಂತ್ರ್ಯ ಬಂದ ಹೊಸತರಲ್ಲಿ ಕುಟುಂಬದ ಹೆಂಗಸರು ಬರೆದಿಟ್ಟ ಅಡುಗೆ ಪುಸ್ತಕ ಒಂದು ಕಡೆ, ಸೈನ್ಯದ ಅಧಿಕಾರಿಯ ಟಿಪ್ಪಣಿಗಳು ಇನ್ನೊಂದು ಕಡೆ. ನಮ್ಮ ಅಜ್ಜಿಯರ ನೋಟ್‌ಬುಕ್ಕಿನಲ್ಲೂ ಹೀಗೇ ಅಲ್ಲವಾ, ಪುಡ್ಡಿಂಗ್ ಮಾಡುವ ಕ್ರಮದ ಕೆಳಗೆ ಹಾಲಿನ ಲೆಕ್ಕ. ದೇಶ ಕಟ್ಟುವುದು ಅನ್ನುವ ದೊಡ್ಡ ಮಾತನ್ನು ಅವರು ಸಂಸತ್ತಿನಲ್ಲಿ ಹುಡುಕದೆ ಪಾಯಸದ ಅಳತೆಯಲ್ಲಿ ಹುಡುಕಿದ್ದಾರೆ.

2006ರ 'ಪ್ಯಾರಿಸ್ ಆಟಮ್' ಮೂವತ್ತೈದು ನಿಮಿಷದ್ದು, ಸ್ಟಿಲ್ ಫೋಟೋಗಳಿಂದಲೇ ಕಟ್ಟಿದ ಭೂತದ ಕಥೆ. ಪ್ಯಾರಿಸ್ಸಿನ ಹಳೇ ಕಟ್ಟಡದಲ್ಲಿ ಉಳಿದುಕೊಂಡ ಭಾರತದ ಕಲಾವಿದೆಗೆ, ನಾಲ್ಕನೇ ಹೆನ್ರಿಯ ಪ್ರೇಯಸಿಯಾಗಿದ್ದು 1599ರಲ್ಲಿ ಸತ್ತ ಗ್ಯಾಬ್ರಿಯೆಲ್ ದೆಸ್ತ್ರೆಯ ನೆರಳು ಎದುರಾಗುತ್ತದೆ. ಹೊರಗೆ 2005ರ ಶರತ್ಕಾಲ. ನಗರದ ಅಂಚಿನ ವಲಸಿಗರ ಬಡಾವಣೆಗಳಲ್ಲಿ ಗಲಭೆ. ಒಂದೊಂದೇ ಫೋಟೋ ಬಂದು ನಿಲ್ಲುತ್ತಾ ಹೋಗುವಾಗ, ಎರಡು ಚಿತ್ರಗಳ ನಡುವೆ ಏನಾಯಿತು ಅನ್ನುವ ಭಯ ನೋಡುವವರದ್ದೇ. 'ಫ್ಯಾಂಟಮ್ ಲೇಡಿ'ಯಲ್ಲಿ ಅವರು ಹಿಡಿದ ದಾರಿಯೇ ಇಲ್ಲಿ ಸಿನಿಮಾ ಆಗಿದೆ. ಫೋಟೋ, ಅಭಿನಯ, ಸಿನಿಮಾ ಅಂತ ಮೂರು ಡಬ್ಬಿ ಮಾಡಿ ಇವರನ್ನು ಓದಿದರೆ ತಪ್ಪಿಹೋಗುತ್ತದೆ.

ಬಸವನಗುಡಿಯ ಓದುಗಿ

ಅಡುಗೆಯ ಮಾತು ಬಂತಲ್ಲ, ಇನ್ನೊಂದನ್ನು ಸೇರಿಸಬೇಕು. 2017ರ ಸೆಪ್ಟೆಂಬರ್ 5ರಂದು ಗೌರಿ ಲಂಕೇಶ್ ಅವರ ಕೊಲೆಯಾಯಿತು. ಪುಷ್ಪಮಾಲಾ ಅವರ ಸ್ನೇಹಿತೆ. ಆ ಸಾವಿನ ನಂತರ ಇವರು ಮಾಡಿದ ಪ್ರದರ್ಶನದ ಹೆಸರು 'ಗೌರಿ ಲಂಕೇಶ್ಸ್ ಅರ್ಜೆಂಟ್ ಸಾರು'. ಗೌರಿಯ ಸಾರನ್ನು ಜನರ ಮುಂದೆ ಮಾಡುವುದು. ಇಲ್ಲಿ ಕಿರೀಟ ಇಲ್ಲ, ಬರೆದ ಪರದೆ ಇಲ್ಲ. ಹೋರಾಟಗಾರ್ತಿ, ಸಂಪಾದಕಿ ಅಂತಷ್ಟೇ ದೊಡ್ಡ ಅಕ್ಷರದಲ್ಲಿ ಬರೆದವರ ನಡುವೆ, ಕೆಲಸ ಮುಗಿಸಿ ಬಂದು ಅವಸರದಲ್ಲಿ ಒಲೆ ಹಚ್ಚುವ ಹೆಂಗಸೊಬ್ಬಳು ಇದ್ದಳು ಅನ್ನುವುದನ್ನು ಬೇರೆ ಯಾರು ಹೇಳಿದರು? ಇದನ್ನು ಬರೆಯುವಾಗಲೂ ನನಗೆ ಗಂಟಲು ಕಟ್ಟುತ್ತದೆ.

ಸಮಾಜಶಾಸ್ತ್ರ ವಿದ್ಯಾರ್ಥಿನಿ, ಧಾರವಾಡ

ಇದರ ಜೊತೆ ನನಗೆ ಜಗಳವೇ ಇಲ್ಲ. ಆ ಗೆಳತಿಯನ್ನು ಅವರು ಬಲ್ಲರು, ಆ ಅಡುಗೆಮನೆಯನ್ನು ಬಲ್ಲರು. ನಾನು ಕೇಳುತ್ತಿದ್ದ ಸಂಬಂಧ ಇಲ್ಲಿ ಇದೆ.

ಪೇಂಟರ್, ಮೈಸೂರು

ಒಂದು ನಿಮಿಷ. ಶರ್ಮನ್ ವಿಷಯದಲ್ಲಿ ನನ್ನ ಅನುಮಾನ ಹಾಗೇ ಇದೆ, ಆದರೆ ಧಾರವಾಡದವರ ನಿಯಮವನ್ನೂ ಒಪ್ಪಲಾರೆ. ಪರಿಚಯ ಇದ್ದವರ ಪಾತ್ರ ಮಾತ್ರ ಮಾಡಬೇಕು ಅಂದರೆ ಚಿತ್ರಕಲೆಯಲ್ಲಿ ಅರ್ಧ ಕೆಲಸ ನಿಲ್ಲಿಸಬೇಕಾಗುತ್ತದೆ. 2014ರಲ್ಲಿ ಇವರು ವಾಸ್ಕೋ ಡ ಗಾಮನಾಗಿ ನಿಂತ ಫೋಟೋ ಕೊಚ್ಚಿ ಬಿನಾಲೆ ಅನ್ನುವ, ಎರಡು ವರ್ಷಕ್ಕೊಮ್ಮೆಯ ಕಲಾಪ್ರದರ್ಶನದಲ್ಲಿತ್ತು. ಪೋರ್ಚುಗೀಸ್ ಚಿತ್ರಕಾರ ವೆಲೋಸೊ ಸಲ್ಗಾಡೊ 1898ರಲ್ಲಿ, ಗಾಮ ಬಂದು ನಾನೂರು ವರ್ಷವಾದಾಗ, ಕಲ್ಲಿಕೋಟೆಯ ಸಾಮೂತಿರಿಯ ಆಸ್ಥಾನವನ್ನು ಚಿತ್ರಿಸಿದ್ದ. ಅದನ್ನು ಇವರು ಸ್ನೇಹಿತರನ್ನೆಲ್ಲ ಸೇರಿಸಿ ಮತ್ತೆ ಕಟ್ಟಿದ್ದು. ಗಾಮನಿಗೂ ಇವರಿಗೂ ಯಾವ ಸಂಬಂಧ? ಆ ವೇಷವೂ ಬೇಡವೇ?

ಸಮಾಜಶಾಸ್ತ್ರ ವಿದ್ಯಾರ್ಥಿನಿ, ಧಾರವಾಡ

ಬೇಕು ಸರ್, ಖಂಡಿತ ಬೇಕು. ಗಾಮನ ಬಗ್ಗೆ ನೂರು ಚಿತ್ರ ಇವೆ, ಅವನ ಹೆಸರಲ್ಲಿ ಊರುಗಳಿವೆ, ಅವನ ಪರವಾಗಿ ಮಾತಾಡಲು ಒಂದು ಸಾಮ್ರಾಜ್ಯವೇ ಇತ್ತು. ಅವನ ಗಡ್ಡ ಅಂಟಿಸಿಕೊಂಡು ಒಬ್ಬ ಭಾರತೀಯ ಹೆಂಗಸು ನಿಂತರೆ ಅವನಿಂದ ಏನೂ ಕಿತ್ತುಕೊಂಡಂತಾಗುವುದಿಲ್ಲ. ಚೌಕಳಿಯ ಮುಂದೆ ನಿಂತವಳ ಬಗ್ಗೆ ಇರುವುದು ಆ ಒಂದು ಫೋಟೋ ಮಾತ್ರ. ಅದರೊಳಗೆ ಬೇರೆಯವರು ಹೋಗಿ ನಿಲ್ಲುವುದಾದರೆ ಪಕ್ಕದಲ್ಲಿ ಮೂಲವನ್ನೂ ಇಡಲಿ, ಯಾರು ತೆಗೆದದ್ದು, ಯಾವ ಅಳತೆಗೆ ಅಂತ ಬರೆಯಲಿ. ನನ್ನ ಬೇಡಿಕೆ ಅಷ್ಟೇ. ಮೇಷ್ಟ್ರು ತರಗತಿಯಲ್ಲಿ ಈ ಸರಣಿ ಮುಂದುವರಿಸುವುದಾದರೆ ರವಿವರ್ಮನ ಜೊತೆಗೆ ಅಂಡಮಾನಿನ ಫೋಟೋವನ್ನೂ ತೋರಿಸಿ. ಥರ್ಸ್ಟನ್ನನ ಸಂಪುಟಗಳು ನಮ್ಮ ವಿಭಾಗದ ಗ್ರಂಥಾಲಯದಲ್ಲಿವೆ, ಬೇಕಾದ ಪುಟಗಳ ಪ್ರತಿ ಕಳಿಸುತ್ತೇನೆ.